ತೊಟ್ಟಿಲು ಸೊಲ್ಲಾಪುರದ್ದು, ಮೈದಾನ ಮುಂಬೈದು

ಪ್ರಶ್ನೆ: ನಮ್ಮ ಓಣ್ಯಾಗ ಒಂದು ವಾದ ಎದ್ದದ ಸರ. ಟೆಸ್ಟ್ ಕ್ರಿಕೆಟ್‌ನ್ಯಾಗ ಭಾರತದ ಪರ ಮೊದಲ ಡಬಲ್ ಸೆಂಚುರಿ ಹೊಡದಾಂವ ಸೊಲ್ಲಾಪುರದಾಗ ಹುಟ್ಟಿದಾಂವ ಅಂತ ನನ್ನ ತಮ್ಮ ಅಂತಾನ. ಅಲ್ಲ, ಅಂವ ಮುಂಬೈದಾಂವ ಅಂತ ಉಳದವರು ಅಂತಾರ. ಖರೇ ಯಾವುದು? ಈಗ ಅಮೆರಿಕ, ನೇಪಾಳ ಇಂಥಾ ತಂಡಕ್ಕ ‘ಬೆಳೆಯೋ ತಂಡ’ ಅಂತಾರಲ್ಲ, ನಮ್ಮ ದೇಶಾನೂ ಒಮ್ಮೆ ಹಂಗ ಇತ್ತೇನು? ಮತ್ತ ನಮ್ಮ ಕಡೆ ಹುಡುಗರಿಗೆ ಆ ದಾರಿ ಯಾಕ ಸಿಗವಲ್ದು?
– ಒಬ್ಬ ಓದುಗರು, ಅಕ್ಕಲಕೋಟ ತಾಲ್ಲೂಕು

ಉತ್ತರ: ನಿಮ್ಮ ತಮ್ಮನ ಮಾತೂ ಖರೆ, ಉಳಿದವರ ಮಾತೂ ಖರೆ. ಆ ಆಟಗಾರನ ಪೂರ್ತಿ ಹೆಸರು ಪಹಲನ್ ರತನ್‌ಜಿ ಉಮ್ರಿಗರ್. ಕ್ರಿಕೆಟ್ ಬಲ್ಲವರಿಗೆ ಪಾಲಿ ಉಮ್ರಿಗರ್. ಹುಟ್ಟಿದ್ದು 1926ರ ಮಾರ್ಚ್ 28ರಂದು, ಸೊಲ್ಲಾಪುರದಲ್ಲಿ. ಪಾರ್ಸಿ ಮನೆತನ, ತಂದೆಯದು ಬಟ್ಟೆಯ ವ್ಯವಹಾರ. ಆ ಕಾಲದ ಸೊಲ್ಲಾಪುರದಲ್ಲಿ ಬಟ್ಟೆಯೇ ಊರಿನ ಉಸಿರು. ಮಿಲ್ಲಿನ ಭೋಂಗಾ ಕೂಗಿದಾಗ ಏಳುವ, ಭೋಂಗಾ ಕೂಗಿದಾಗ ಬುತ್ತಿ ಬಿಚ್ಚುವ ಊರು ಅದು. ತೆಲುಗು ಮಾತಾಡುವ ಪದ್ಮಶಾಲಿಗಳು, ಅಕ್ಕಲಕೋಟ, ಇಂಡಿ ಕಡೆಯಿಂದ ಕೆಲಸ ಹುಡುಕಿಕೊಂಡು ಬಂದ ನಮ್ಮ ಕನ್ನಡದ ಮಂದಿ, ಮರಾಠಿಗರು, ಗುಜರಾತಿ ವ್ಯಾಪಾರಸ್ಥರು, ಇವರೆಲ್ಲರ ನಡುವೆ ಕೆಲವು ಪಾರ್ಸಿ ಮನೆಗಳು. ಪಾಲಿ ಇನ್ನೂ ಶಾಲೆಗೆ ಹೋಗುವ ಹುಡುಗನಾಗಿದ್ದಾಗಲೇ ಅವರ ಮನೆಯವರು ಮುಂಬೈಗೆ ಹೋಗಿ ನೆಲೆಸಿದರು. ಸೇಂಟ್ ಝೇವಿಯರ್ಸ್ ಕಾಲೇಜು, ಮುಂಬೈ ವಿಶ್ವವಿದ್ಯಾಲಯದ ತಂಡ, ಹದಿನೆಂಟನೇ ವಯಸ್ಸಿಗೆ ಪೆಂಟಾಂಗ್ಯುಲರ್ ಪಂದ್ಯಾವಳಿಯಲ್ಲಿ ಪಾರ್ಸಿಗಳ ತಂಡ – ಎಲ್ಲವೂ ಅಲ್ಲಿಯೇ. ಹಾಗಾಗಿ ನನ್ನ ಲೆಕ್ಕ ಇಷ್ಟು: ತೊಟ್ಟಿಲು ಸೊಲ್ಲಾಪುರದ್ದು, ಮೈದಾನ ಮುಂಬೈದು. ‘ನಮ್ಮವ’ ಎನ್ನಲು ನಿಮ್ಮ ತಮ್ಮನಿಗೆ ಪೂರಾ ಹಕ್ಕಿದೆ. ‘ನಾವು ಬೆಳೆಸಿದವ’ ಎನ್ನುವ ಹಾಗಿಲ್ಲ. ಈ ಎರಡರ ನಡುವಿನ ಅಂತರದಲ್ಲೇ ನಿಮ್ಮ ಕೊನೆಯ ಪ್ರಶ್ನೆಗೆ ಉತ್ತರವೂ ಇದೆ. ಅದಕ್ಕೆ ಆಮೇಲೆ ಬರುತ್ತೇನೆ.

ನಮ್ಮ ದೇಶ ಒಮ್ಮೆ ಬೆಳೆಯುವ ತಂಡವಾಗಿತ್ತೇ ಎಂದು ಕೇಳಿದ್ದೀರಿ. ಆಗಿತ್ತು, ಅದೂ ಬಹಳ ವರ್ಷ. ಭಾರತ ಮೊದಲ ಟೆಸ್ಟ್ ಆಡಿದ್ದು 1932ರ ಜೂನ್‌ನಲ್ಲಿ, ಲಾರ್ಡ್ಸ್ ಮೈದಾನದಲ್ಲಿ. ಅಲ್ಲಿಂದ ಮುಂದೆ ಸುಮಾರು ಇಪ್ಪತ್ತು ವರ್ಷ, 24 ಪಂದ್ಯ, ಗೆಲುವು ಎಂಬುದೇ ಇಲ್ಲ. ನಡುವೆ ಮಹಾಯುದ್ಧ ಬಂದು ಹೋಯಿತು, ದೇಶ ಸ್ವತಂತ್ರವಾಯಿತು, ಒಡೆಯಿತು. ಆದರೂ ಟೆಸ್ಟ್ ಗೆದ್ದಿರಲಿಲ್ಲ. ಉಮ್ರಿಗರ್ ತಂಡಕ್ಕೆ ಬಂದದ್ದು ಅಂಥ ಹೊತ್ತಿನಲ್ಲಿ, 1948ರ ಡಿಸೆಂಬರ್‌ನಲ್ಲಿ. ಪ್ರವಾಸ ಬಂದಿದ್ದ ವೆಸ್ಟ್ ಇಂಡೀಸ್ ವಿರುದ್ಧ ವಿಶ್ವವಿದ್ಯಾಲಯಗಳ ಸಂಯುಕ್ತ ತಂಡದ ಪರ ಔಟಾಗದೆ 115 ರನ್ ಹೊಡೆದಿದ್ದ ಹುಡುಗನನ್ನು ಮುಂಬೈ ಟೆಸ್ಟ್‌ಗೆ ಕರೆದರು. ಮೂವತ್ತು ರನ್ ಮಾಡಿದ. ಆ ಸರಣಿಯಲ್ಲಿ ಮತ್ತೆ ಕರೆ ಬರಲಿಲ್ಲ.

ಮೊದಲ ಗೆಲುವಿನ ಕತೆಯನ್ನು ನಿಮ್ಮ ಓಣಿಯ ಹುಡುಗರಿಗೆ ಹೇಳಲೇಬೇಕು. 1952ರ ಫೆಬ್ರವರಿ, ಮದರಾಸಿನ ಚೆಪಾಕ್, ಎದುರಾಳಿ ಇಂಗ್ಲೆಂಡ್. ಉಮ್ರಿಗರ್‌ಗೆ ಆ ಪಂದ್ಯದಲ್ಲಿ ಜಾಗವೇ ಇರಲಿಲ್ಲ. ಹಿಂದಿನ ದಿನ ಹೇಮು ಅಧಿಕಾರಿಯವರ ಮಣಿಕಟ್ಟಿಗೆ ಪೆಟ್ಟಾದದ್ದರಿಂದ ಒಳಗೆ ಬಂದರು. ಮೊದಲ ದಿನವೇ ಬ್ರಿಟನ್ನಿನ ದೊರೆ ಆರನೇ ಜಾರ್ಜ್ ತೀರಿಕೊಂಡ ಸುದ್ದಿ ಬಂತು. ಮರುದಿನ ಆಟ ನಡೆಯಲಿಲ್ಲ. ವಿನೂ ಮಂಕಡ್ 55 ರನ್ನಿಗೆ 8 ವಿಕೆಟ್ ಕಿತ್ತು ಇಂಗ್ಲೆಂಡನ್ನು 266ಕ್ಕೆ ಕಟ್ಟಿಹಾಕಿದ್ದರು. ಪಂಕಜ್ ರಾಯ್ 111 ಹೊಡೆದರು. ಏಳನೆಯವನಾಗಿ ಬ್ಯಾಟ್ ಹಿಡಿದು ಬಂದ ಉಮ್ರಿಗರ್ 130 ರನ್ ಮಾಡಿ ಔಟಾಗದೆ ಉಳಿದರು. ಇನಿಂಗ್ಸ್ ಮತ್ತು 8 ರನ್‌ಗಳ ಗೆಲುವು. ಬೇರೊಬ್ಬರ ಕೈಗೆ ಪೆಟ್ಟಾದ ಕಾರಣ ಆಡಲು ಬಂದವನು ದೇಶದ ಮೊದಲ ಗೆಲುವಿನಲ್ಲಿ ಎಲ್ಲರಿಗಿಂತ ಹೆಚ್ಚು ರನ್ ಮಾಡಿದ.

ಅದೇ ವರ್ಷ ಬೇಸಿಗೆಯಲ್ಲಿ ತಂಡ ಇಂಗ್ಲೆಂಡಿಗೆ ಹೋಯಿತು. ಇಲ್ಲಿ ಸ್ವಲ್ಪ ನಿಲ್ಲುತ್ತೇನೆ. ಉಮ್ರಿಗರ್ ಬದುಕಿನಲ್ಲಿ ನನಗೆ ದ್ವಿಶತಕಕ್ಕಿಂತ ದೊಡ್ಡದಾಗಿ ಕಾಣುವುದು ಈ ಪ್ರವಾಸ ಮತ್ತು ಅದರ ನಂತರದ ಒಂದು ವರ್ಷ.

ಇಂಗ್ಲೆಂಡಿನ ಕೌಂಟಿ ತಂಡಗಳ ವಿರುದ್ಧ ಆಡಿದ ಪಂದ್ಯಗಳೂ ಸೇರಿ ಆ ಪ್ರವಾಸದಲ್ಲಿ ಅವರು ಹೊಡೆದದ್ದು 1688 ರನ್. ಬೆರಗಾಗುವಂಥ ಮೊತ್ತ. ಆದರೆ ಟೆಸ್ಟ್ ಪಂದ್ಯಗಳ ಏಳು ಇನಿಂಗ್ಸ್‌ನಲ್ಲಿ ಒಟ್ಟು 43 ರನ್! ಸರಾಸರಿ ಆರರ ಮೇಲೆ ಚೂರು. ಫ್ರೆಡ್ ಟ್ರೂಮನ್ ಎಂಬ ಯಾರ್ಕ್‌ಶೈರಿನ ವೇಗಿ ಆ ಸರಣಿಯಲ್ಲೇ ಕಾಲಿಟ್ಟಿದ್ದ. ಲೀಡ್ಸ್‌ನಲ್ಲಿ ಭಾರತದ ಎರಡನೇ ಇನಿಂಗ್ಸ್‌ನ ಮೊದಲ ನಾಲ್ಕು ವಿಕೆಟ್ ಒಂದು ರನ್ನೂ ಬರುವ ಮೊದಲೇ ಬಿದ್ದವು. ಮ್ಯಾಂಚೆಸ್ಟರಿನಲ್ಲಿ ಒಂದೇ ದಿನ ಎರಡು ಸಲ ಇಡೀ ತಂಡ ಔಟಾಯಿತು, ಮೊದಲು 58ಕ್ಕೆ, ಆಮೇಲೆ 82ಕ್ಕೆ. ಟ್ರೂಮನ್ ಓಡಿಬರುವಾಗ ಉಮ್ರಿಗರ್ ಲೆಗ್ ಕಡೆ ಸರಿಯುತ್ತಿದ್ದರು ಎಂಬ ಮಾತು ಅಂದಿನಿಂದ ಇಂದಿನವರೆಗೂ ಪುಸ್ತಕದಿಂದ ಪುಸ್ತಕಕ್ಕೆ ದಾಟುತ್ತಿದೆ.

ಅದನ್ನು ಹೇಡಿತನ ಎಂದು ಬರೆದವರನ್ನು ಓದಿದಾಗ ನನಗೆ ಸಿಟ್ಟು ಬರುತ್ತದೆ. ಯೋಚಿಸಿ ನೋಡಿ. ಅಂಥ ವೇಗವನ್ನು ಅವರು ಮನೆಯಲ್ಲಿ ಎಲ್ಲಿ ನೋಡಬೇಕಿತ್ತು? ನಮ್ಮ ಪಿಚ್‌ಗಳು ನಿಧಾನದವು, ಎಷ್ಟೋ ಕಡೆ ನಾರಿನ ಮ್ಯಾಟ್ ಹಾಸಿ ಆಡುತ್ತಿದ್ದರು. ಮೊಹಮ್ಮದ್ ನಿಸಾರ್, ಅಮರ್ ಸಿಂಗ್ ಅವರ ಕಾಲ ಮುಗಿದು ಹೋಗಿತ್ತು. ಒಳ್ಳೆ ವೇಗಿ ಎಂದು ಹೇಳಿಕೊಳ್ಳುವಂಥವರು ದೇಶದಲ್ಲಿ ಉಳಿದಿರಲಿಲ್ಲ. ತಲೆಗೆ ಹೆಲ್ಮೆಟ್ ಇಲ್ಲ, ಎದೆಗೆ ಗಾರ್ಡ್ ಇಲ್ಲ. ಬೆಳೆಯುವ ತಂಡದ ಆಟಗಾರನಿಗೆ ಕೈಚಳಕ ಕಮ್ಮಿ ಇರುವುದಿಲ್ಲ. ಕಣ್ಣಿಗೆ ರೂಢಿ ಕಮ್ಮಿ ಇರುತ್ತದೆ. ಬಾವಿಯಲ್ಲಿ ಈಜು ಕಲಿತವನನ್ನು ಒಮ್ಮೆಲೇ ಭೀಮಾ ನದಿಯ ಹೊಳೆನೀರಿಗೆ ಬಿಟ್ಟ ಹಾಗೆ.

ಅಲ್ಲಿಗೆ ಮುಗಿಯಿತು ಎಂದುಕೊಂಡವರು ಬಹಳ ಮಂದಿ ಇದ್ದರು. ಆರು ತಿಂಗಳೊಳಗೆ ತಂಡ ಹಡಗು ಹತ್ತಿ ವೆಸ್ಟ್ ಇಂಡೀಸಿಗೆ ಹೋಯಿತು. 1953ರ ಆ ಐದು ಟೆಸ್ಟ್‌ಗಳಲ್ಲಿ ಉಮ್ರಿಗರ್ ಹೊಡೆದದ್ದು 560 ರನ್. ಪೋರ್ಟ್ ಆಫ್ ಸ್ಪೇನ್‌ನಲ್ಲಿ 130, ಕಿಂಗ್‌ಸ್ಟನ್‌ನಲ್ಲಿ 117. ಆಗಿನ ಕಾಲಕ್ಕೆ ರಾಮಾಧೀನ್, ವ್ಯಾಲಂಟೈನ್ ಎಂಬ ಸ್ಪಿನ್ ಜೋಡಿಯ ಹೆಸರು ಕೇಳಿದರೇ ಇಂಗ್ಲೆಂಡಿನ ಬ್ಯಾಟುಗಾರರು ಬೆವರುತ್ತಿದ್ದರು. ಉಮ್ರಿಗರ್ ಅವರನ್ನು ಮುಂದೆ ಬಂದು ಎತ್ತಿ ಹೊಡೆದರು. ಆ ಎತ್ತರದ ಹೊಡೆತ ನೋಡಿ ಅಲ್ಲಿನ ಜನ ಅವರನ್ನು ತಾಳೆಮರಕ್ಕೆ ಹೋಲಿಸಿ ಕರೆದರಂತೆ. ಹಿಂದಿನ ವರ್ಷ 43 ರನ್‌ನಲ್ಲಿ ಮುಳುಗಿದ್ದವನು ಇವನೇ.

ಈಗ ನಿಮ್ಮ ದ್ವಿಶತಕಕ್ಕೆ ಬರೋಣ. 1955ರ ನವೆಂಬರ್‌ನಲ್ಲಿ ನ್ಯೂಜಿಲೆಂಡ್ ತಂಡ ಮೊದಲ ಬಾರಿ ಭಾರತಕ್ಕೆ ಟೆಸ್ಟ್ ಆಡಲು ಬಂತು. ಮೊದಲ ಟೆಸ್ಟ್ ಹೈದರಾಬಾದಿನ ಫತೇ ಮೈದಾನದಲ್ಲಿ. ಉಮ್ರಿಗರ್ 223. ಭಾರತದವರೊಬ್ಬರು ಟೆಸ್ಟ್‌ನಲ್ಲಿ ಇನ್ನೂರು ದಾಟಿದ್ದು ಅದೇ ಮೊದಲು. ಸೊಲ್ಲಾಪುರದಿಂದ ಅಕ್ಕಲಕೋಟ ರೋಡ್, ವಾಡಿ ಹಾದು ಹೋಗುವ ರೈಲು ಹತ್ತಿದರೆ ರಾತ್ರಿ ಕಳೆಯುವಷ್ಟರಲ್ಲಿ ಹೈದರಾಬಾದು. ಹುಟ್ಟಿದ ಊರಿಗೆ ಇಷ್ಟು ಹತ್ತಿರ ಬಂದು ಅವರು ಆ ದಾಖಲೆ ಬರೆದರು ಎಂಬುದು ನನಗೆ ಇಷ್ಟವಾದ ಸಂಗತಿ. ದಾಖಲೆ ಬಹಳ ದಿನ ಒಬ್ಬರ ಹೆಸರಿನಲ್ಲೇ ಉಳಿಯಲಿಲ್ಲ. ಮುಂದಿನ ಮುಂಬೈ ಟೆಸ್ಟ್‌ನಲ್ಲೇ ವಿನೂ ಮಂಕಡ್ ಸರಿಯಾಗಿ 223 ಹೊಡೆದರು. ಅದೇ ಸರಣಿಯ ಮದರಾಸ್ ಟೆಸ್ಟ್‌ನಲ್ಲಿ 231 ಹೊಡೆದು ಮುಂದೆ ಹೋದರು. ಆದರೆ ‘ಮೊದಲು’ ಎಂಬ ಮಾತನ್ನು ಯಾರೂ ಕಿತ್ತುಕೊಳ್ಳಲಾರರು. ಓಣಿಯ ವಾದದಲ್ಲಿ ನಿಮ್ಮ ತಮ್ಮ ಗೆದ್ದ ಎಂದೇ ಇಟ್ಟುಕೊಳ್ಳಿ.

ಆ ಸರಣಿಯ ಎರಡನೇ ಟೆಸ್ಟ್‌ನಿಂದ ಉಮ್ರಿಗರ್ ನಾಯಕ. ಒಟ್ಟು 8 ಟೆಸ್ಟ್‌ಗೆ ನಾಯಕತ್ವ ವಹಿಸಿದರು, ಎರಡು ಗೆದ್ದರು, ಎರಡೂ ನ್ಯೂಜಿಲೆಂಡ್ ವಿರುದ್ಧ. ಮುಗಿದ ರೀತಿ ಮಾತ್ರ ನೋವಿನದು. 1959ರ ಜನವರಿಯಲ್ಲಿ ವೆಸ್ಟ್ ಇಂಡೀಸ್ ವಿರುದ್ಧ ಮದರಾಸ್ ಟೆಸ್ಟ್. ಹಿಂದಿನ ರಾತ್ರಿ ಹನ್ನೊಂದು ಜನರ ಆಯ್ಕೆಯಲ್ಲಿ ತನ್ನ ಮಾತು ನಡೆಯುವುದಿಲ್ಲ ಎಂದು ಗೊತ್ತಾಗುತ್ತಲೇ ನಾಯಕತ್ವ ಬಿಟ್ಟರು. ಬೆಳಿಗ್ಗೆ ಟಾಸ್‌ಗೆ ಹೋದವರು ಮಂಕಡ್. ಆ ಒಂದೇ ಸರಣಿಯಲ್ಲಿ ಐದು ಟೆಸ್ಟ್‌ಗೆ ನಾಲ್ಕು ನಾಯಕರು. ಉಮ್ರಿಗರ್ ಮಾಡಿದ್ದು ಸರಿ ಎಂದು ನಾನು ಖಚಿತವಾಗಿ ಹೇಳುತ್ತೇನೆ. ನಾಯಕನ ಹೆಸರು ಹೊತ್ತು ಬೇರೆಯವರ ತಂಡ ಆಡಿಸುವುದಕ್ಕಿಂತ ಸಾಮಾನ್ಯ ಆಟಗಾರನಾಗಿ ಇಳಿಯುವುದು ಗೌರವದ ದಾರಿ. ಅವರು ಹಾಗೆಯೇ ಇಳಿದರು, ಆಟ ಬಿಡಲಿಲ್ಲ. ಆ ವರ್ಷವೇ ಇಂಗ್ಲೆಂಡಿನಲ್ಲಿ, ಏಳು ವರ್ಷದ ಹಿಂದೆ ತಂಡ ಮಾನ ಕಳೆದುಕೊಂಡಿದ್ದ ಅದೇ ಮ್ಯಾಂಚೆಸ್ಟರಿನಲ್ಲಿ, 118 ಹೊಡೆದರು. ಎದುರಿಗೆ ಟ್ರೂಮನ್ ಇದ್ದೇ ಇದ್ದ. ಡಿಸೆಂಬರ್‌ನಲ್ಲಿ ಕಾನ್ಪುರದಲ್ಲಿ ಭಾರತ ಮೊದಲ ಬಾರಿ ಆಸ್ಟ್ರೇಲಿಯಾವನ್ನು ಸೋಲಿಸಿತಲ್ಲ, ಆ ಪಂದ್ಯದಲ್ಲಿ 14 ವಿಕೆಟ್ ತೆಗೆದ ಜಸು ಪಟೇಲರ ಹೆಸರು ಎಲ್ಲರಿಗೂ ನೆನಪಿದೆ. ಕೊನೆಯ ಇನಿಂಗ್ಸ್‌ನಲ್ಲಿ 27 ರನ್ನಿಗೆ 4 ವಿಕೆಟ್ ಕಿತ್ತ ಇನ್ನೊಂದು ಕೈ ಉಮ್ರಿಗರ್ ಅವರದ್ದು.

ಬೆಳೆಯುವ ತಂಡದ ಆಟಗಾರ ಎಂದರೆ ಹೀಗೆಯೇ. ಬ್ಯಾಟ್ ಹಿಡಿಯಬೇಕು, ಹೊಸ ಚೆಂಡು ಬೇಕಾದರೆ ಅದನ್ನೂ ಹಾಕಬೇಕು, ಚೆಂಡು ಹಳೆಯದಾದ ಮೇಲೆ ಆಫ್ ಬ್ರೇಕ್ ಹಾಕಬೇಕು, ವಿಕೆಟ್ ಹತ್ತಿರ ನಿಂತು ಕ್ಯಾಚ್ ಹಿಡಿಯಬೇಕು. ಶ್ರೀಮಂತ ತಂಡದಲ್ಲಿ ಒಬ್ಬನಿಗೆ ಒಂದೇ ಕೆಲಸ. ಬಡ ತಂಡದಲ್ಲಿ ಒಬ್ಬನ ಹೆಗಲಿಗೆ ನಾಲ್ಕು. 1962ರ ಏಪ್ರಿಲ್‌ನ ಪೋರ್ಟ್ ಆಫ್ ಸ್ಪೇನ್ ಟೆಸ್ಟ್‌ನಲ್ಲಿ ಇದು ಕಣ್ಣಿಗೆ ಕಟ್ಟುವಂತೆ ಕಾಣುತ್ತದೆ. ಆ ಪ್ರವಾಸದಲ್ಲೇ, ಬಾರ್ಬಡೋಸಿನಲ್ಲಿ ಚಾರ್ಲಿ ಗ್ರಿಫಿತ್ ಎಸೆದ ಚೆಂಡು ನಾಯಕ ನಾರಿ ಕಾಂಟ್ರಾಕ್ಟರ್ ಅವರ ತಲೆಗೆ ಬಡಿದು ಪ್ರಾಣವೇ ಹೋಗುವಂತಾಗಿತ್ತು. ಇಪ್ಪತ್ತೊಂದು ವರ್ಷದ ಪಟೌಡಿಗೆ ನಾಯಕತ್ವ ಬಂದಿತ್ತು. ತಂಡ ಪಂದ್ಯದ ಮೇಲೆ ಪಂದ್ಯ ಸೋಲುತ್ತಿತ್ತು. ಉಮ್ರಿಗರ್‌ಗೆ ಆಗ 36 ವರ್ಷ, ಬೆನ್ನುನೋವು. ನಾಲ್ಕನೇ ಟೆಸ್ಟ್‌ನಲ್ಲಿ ಮೊದಲು 107 ರನ್ನಿಗೆ 5 ವಿಕೆಟ್ ತೆಗೆದರು. ಬ್ಯಾಟಿಂಗ್‌ನಲ್ಲಿ 56 ಹೊಡೆದರು. ಫಾಲೋ ಆನ್ ಆಗಿ ಮತ್ತೆ ಇಳಿದಾಗ ವೆಸ್ಟ್ ಇಂಡೀಸಿನ ವೇಗಿ ಹಾಲ್ ಎದುರು ಔಟಾಗದೆ 172. ತಂಡ ಪಂದ್ಯ ಸೋತಿತು, ಕೊನೆಗೆ ಸರಣಿ 5-0 ಆಯಿತು. ಸೋತ ಪಂದ್ಯದ ಅಂಕಪಟ್ಟಿಯಲ್ಲಿ ಒಂದೇ ಹೆಸರು ಮೂರು ಕಡೆ ಎದ್ದು ಕಾಣುತ್ತದೆ. ಆ ಸರಣಿಯೇ ಅವರ ಕೊನೆಯ ಟೆಸ್ಟ್ ಸರಣಿ.

ನಿವೃತ್ತಿಯ ಹೊತ್ತಿಗೆ 59 ಟೆಸ್ಟ್, 3631 ರನ್, 12 ಶತಕ. ಮೂರರಲ್ಲೂ ಭಾರತದಲ್ಲಿ ಅವರದ್ದೇ ಮೇಲುಗೈ. ಸುನಿಲ್ ಗಾವಸ್ಕರ್ ಕಾಲ ಬರುವವರೆಗೂ ರನ್ನಿನ ದಾಖಲೆ ಯಾರೂ ಮುಟ್ಟಲಿಲ್ಲ. 1962ರಲ್ಲಿ ಪದ್ಮಶ್ರೀ ಬಂತು. ಆಮೇಲೂ ಕ್ರಿಕೆಟ್ಟನ್ನು ಬಿಡಲಿಲ್ಲ, ಕ್ರಿಕೆಟ್ಟೂ ಅವರನ್ನು ಬಿಡಲಿಲ್ಲ. 1976ರಲ್ಲಿ ಭಾರತ 403 ರನ್ ಗುರಿ ಬೆನ್ನಟ್ಟಿ ಗೆದ್ದಿತಲ್ಲ, ಅದೂ ಪೋರ್ಟ್ ಆಫ್ ಸ್ಪೇನ್‌ನಲ್ಲೇ. ಆ ತಂಡದ ಮ್ಯಾನೇಜರ್ ಉಮ್ರಿಗರ್. ಹದಿನಾಲ್ಕು ವರ್ಷದ ಹಿಂದೆ ಒಂಟಿಯಾಗಿ ಕಾದಾಡಿ ಸೋತ ಮೈದಾನದಲ್ಲಿ ಕುಳಿತು ಆ ಗೆಲುವನ್ನು ಕಣ್ತುಂಬ ನೋಡಿದರು. ಆಯ್ಕೆ ಸಮಿತಿಯ ಅಧ್ಯಕ್ಷರಾದರು, ಕ್ರಿಕೆಟ್ ಮಂಡಳಿಯ ಕಾರ್ಯನಿರ್ವಾಹಕ ಕಾರ್ಯದರ್ಶಿಯಾದರು, ವಾಂಖೆಡೆ ಮೈದಾನದ ಪಿಚ್ ಕೂಡ ನೋಡಿಕೊಂಡರು. 2006ರ ನವೆಂಬರ್ 7ರಂದು ಮುಂಬೈಯಲ್ಲಿ ತೀರಿಕೊಂಡರು. ವರ್ಷದ ಅತ್ಯುತ್ತಮ ಅಂತರರಾಷ್ಟ್ರೀಯ ಆಟಗಾರನಿಗೆ ಭಾರತೀಯ ಮಂಡಳಿ ಕೊಡುವ ಪ್ರಶಸ್ತಿ ಅವರ ಹೆಸರಿನಲ್ಲಿದೆ. ಟಿ.ವಿ.ಯಲ್ಲಿ ‘ಪಾಲಿ ಉಮ್ರಿಗರ್ ಪ್ರಶಸ್ತಿ’ ಎಂದಾಗ ಅದು ಸೊಲ್ಲಾಪುರದಲ್ಲಿ ಹುಟ್ಟಿದವರ ಹೆಸರು ಎಂದು ನಿಮ್ಮ ಮಕ್ಕಳಿಗೆ ಹೇಳಿ.

ಇಂದಿನ ಬೆಳೆಯುವ ತಂಡಗಳ ಮಾತು ಎತ್ತಿದ್ದೀರಲ್ಲ, ಅಮೆರಿಕದ ತಂಡದಲ್ಲಿ ಒಬ್ಬ ಕನ್ನಡಿಗ ಇರುವುದು ನಿಮಗೆ ಗೊತ್ತಿರಬಹುದು. ನಾಸ್ತುಷ್ ಕೆಂಜಿಗೆ. ಹುಟ್ಟಿದ್ದು ಅಮೆರಿಕದ ಅಲಬಾಮದಲ್ಲಿ, ಬೆಳೆದದ್ದು ಚಿಕ್ಕಮಗಳೂರಿನಲ್ಲಿ. ಬೆಂಗಳೂರಿನ ಲೀಗ್‌ಗಳಲ್ಲಿ ವರ್ಷಗಟ್ಟಲೆ ಆಡಿದರೂ ರಾಜ್ಯ ತಂಡದ ಬಾಗಿಲು ತೆರೆಯಲಿಲ್ಲ. 2015ರಲ್ಲಿ ಹುಟ್ಟಿದ ದೇಶಕ್ಕೆ ಮರಳಿದರು. 2024ರ ಜೂನ್ 6ರಂದು ಡಲ್ಲಾಸ್ ಹತ್ತಿರದ ಮೈದಾನದಲ್ಲಿ ಅಮೆರಿಕ ಸೂಪರ್ ಓವರ್‌ನಲ್ಲಿ ಪಾಕಿಸ್ತಾನವನ್ನು ಸೋಲಿಸಿದಾಗ ಎಡಗೈ ಸ್ಪಿನ್ ಹಾಕಿ 30 ರನ್ನಿಗೆ 3 ವಿಕೆಟ್ ತೆಗೆದವರು ಅವರೇ. ಅದರಲ್ಲಿ ಎರಡು ಬೆನ್ನುಬೆನ್ನಿಗೆ ಬಂದ ಎಸೆತಗಳಲ್ಲಿ. ಮದರಾಸಿನ 1952 ಅಮೆರಿಕಕ್ಕೆ ಡಲ್ಲಾಸಿನಲ್ಲಿ ಬಂತು ಎಂದು ನನಗೆ ಅಂದು ಅನಿಸಿತು.

ಇನ್ನು ನಿಮ್ಮ ಕೊನೆಯ ಪ್ರಶ್ನೆ. ನಮ್ಮ ಹುಡುಗರಿಗೆ ದಾರಿ ಯಾಕೆ ಸಿಗುವುದಿಲ್ಲ?

ಸಿಕ್ಕವರಿದ್ದಾರೆ, ಅದರಲ್ಲೂ ಒಬ್ಬ ಹುಡುಗಿ ಇದ್ದಾಳೆ. ಕಿರಣ್ ನವಗಿರೆ, ಸೊಲ್ಲಾಪುರ ಜಿಲ್ಲೆಯ ಮಿರೆ ಎಂಬ ಹಳ್ಳಿಯವಳು, ರೈತರ ಮನೆ. ಮೊದಲು ಭರ್ಜಿ ಎಸೆತ, ಓಟ ಇವುಗಳಲ್ಲಿ ಹೆಸರು ಮಾಡಿದವಳು. ಮಹಾರಾಷ್ಟ್ರದಲ್ಲಿ ಅವಕಾಶ ಕಡಿಮೆ ಎಂದು ಕಂಡಾಗ ಆಕೆ ಹೋದದ್ದು ನಾಗಾಲ್ಯಾಂಡಿಗೆ. ದೇಶೀಯ ಕ್ರಿಕೆಟ್‌ಗೆ ಹೊಸದಾಗಿ ಬಂದಿದ್ದ, ನಮ್ಮ ದೇಶದೊಳಗಿನ ಬೆಳೆಯುವ ತಂಡ ಅದು. 2022ರಲ್ಲಿ ಅರುಣಾಚಲ ಪ್ರದೇಶದ ವಿರುದ್ಧ 76 ಎಸೆತಕ್ಕೆ ಔಟಾಗದೆ 162. ಟ್ವೆಂಟಿ–20ಯಲ್ಲಿ ಗಂಡಸರಾಗಲಿ ಹೆಂಗಸರಾಗಲಿ, ಭಾರತದವರು ಯಾರೂ ಅದಕ್ಕೆ ಮೊದಲು 150 ದಾಟಿರಲಿಲ್ಲ. ಬ್ಯಾಟಿನ ಮೇಲೆ ಧೋನಿಯ ಹೆಸರಿನ ಅಕ್ಷರ ಮತ್ತು 7 ಎಂಬ ಅಂಕಿ ಪೆನ್ನಿನಲ್ಲಿ ಬರೆದುಕೊಂಡು ಆಡಿದ ಆಕೆ, ಆ ವರ್ಷವೇ ಸೆಪ್ಟೆಂಬರ್‌ನಲ್ಲಿ ಇಂಗ್ಲೆಂಡಿನಲ್ಲಿ ಭಾರತದ ಪರ ಆಡಿದಳು. ಮುಂದೆ ಮಹಾರಾಷ್ಟ್ರಕ್ಕೆ ಮರಳಿದಳು. 2025ರ ಅಕ್ಟೋಬರ್‌ನಲ್ಲಿ ನಾಗಪುರದಲ್ಲಿ ಪಂಜಾಬ್ ವಿರುದ್ಧ 34 ಎಸೆತಕ್ಕೆ ನೂರು ಹೊಡೆದಳು. ಮಹಿಳೆಯರ ಟ್ವೆಂಟಿ–20ಯಲ್ಲಿ ಅದಕ್ಕಿಂತ ವೇಗದ ಶತಕ ಅದುವರೆಗೆ ಬಂದಿರಲಿಲ್ಲ. ಸೊಲ್ಲಾಪುರದ ಹುಡುಗ ಅರ್ಶಿನ್ ಕುಲಕರ್ಣಿ 2024ರ ಹತ್ತೊಂಬತ್ತರೊಳಗಿನವರ ವಿಶ್ವಕಪ್‌ನಲ್ಲಿ 108 ಹೊಡೆದ, ಎದುರಾಳಿ ಅಮೆರಿಕವೇ.

ಈ ಮೂವರಲ್ಲಿ ಒಂದು ಸಮಾನ ಸಂಗತಿ ಗಮನಿಸಿ. ಉಮ್ರಿಗರ್ ಮುಂಬೈಗೆ, ನವಗಿರೆ ನಾಗಾಲ್ಯಾಂಡಿಗೆ, ಅರ್ಶಿನ್ ಕಲಿಯಲು ಪುಣೆಗೆ. ಊರಲ್ಲೇ ಕೂತವರು ಯಾರೂ ಇಲ್ಲ. ಅಕ್ಕಲಕೋಟದಿಂದ ಸೊಲ್ಲಾಪುರ ಸುಮಾರು 40 ಕಿಲೋಮೀಟರ್, ಸೊಲ್ಲಾಪುರದಿಂದ ಪುಣೆ ಸುಮಾರು 250. ರಾಜ್ಯ ಸಂಸ್ಥೆಯ ಕಚೇರಿ, ದೊಡ್ಡ ಮೈದಾನ, ಆಯ್ಕೆಗಾರರ ಕಣ್ಣು ಎಲ್ಲ ಪುಣೆಯಲ್ಲಿ. ನಮ್ಮ ಹಳ್ಳಿಗಳಲ್ಲಿ ಕ್ರಿಕೆಟ್ ಇಲ್ಲವೇ ಎಂದರೆ ಯಥೇಚ್ಛ ಇದೆ, ಆದರೆ ಅದು ಟೆನ್ನಿಸ್ ಬಾಲಿನ ಕ್ರಿಕೆಟ್. ಜೋಳದ ರಾಶಿ ಮುಗಿದ ಮೇಲೆ ಕೊಯ್ದ ಹೊಲದಲ್ಲಿ ರೋಲರ್ ಬದಲು ಟ್ರ್ಯಾಕ್ಟರ್ ಓಡಿಸಿ ಪಿಚ್ ಮಾಡಿ, ಮೈಕು ಕಟ್ಟಿ, ಕನ್ನಡ ಮರಾಠಿ ಬೆರಸಿ ಕಾಮೆಂಟರಿ ಹೇಳುವ ಪಂದ್ಯಾವಳಿಗಳನ್ನು ನಾನೂ ನಿಂತು ನೋಡಿದ್ದೇನೆ. ಒಮ್ಮೆ ಒಬ್ಬ ಹುಡುಗ ಬರಿಗಾಲಲ್ಲಿ ಓಡಿಬಂದು ಹಾಕಿದ ಯಾರ್ಕರ್ ನೋಡಿ, ಇವನ ಕೈಗೆ ಯಾರಾದರೂ ಸೀಮ್ ಇರುವ ಚೆಂಡು ಕೊಟ್ಟಿದ್ದಾರೆಯೇ ಎಂದು ಪಕ್ಕದವರನ್ನು ಕೇಳಿದೆ. ಇಲ್ಲ ಎಂದರು. ಟೆನ್ನಿಸ್ ಬಾಲು ಪುಟಿಯುತ್ತದೆ, ಸ್ವಿಂಗ್ ಆಗುವುದು ಅಪರೂಪ. ಚರ್ಮದ ಚೆಂಡಿಗೆ ಕಣ್ಣು, ಕಾಲು, ಭಯ ಎಲ್ಲ ಬೇರೆ ಥರ ಪಳಗಬೇಕು. ಉಮ್ರಿಗರ್ ಟ್ರೂಮನ್ ಎದುರು ಅನುಭವಿಸಿದ್ದೇ ನಮ್ಮ ಹುಡುಗ ಸೊಲ್ಲಾಪುರದ ಜಿಲ್ಲಾ ಆಯ್ಕೆಗೆ ಹೋದಾಗ ಅನುಭವಿಸುತ್ತಾನೆ. ಅವನಿಗೆ ಸಿಗುವುದು ಹತ್ತೇ ಎಸೆತ. ಕಲಿತು ಮರಳಲು ಆತನಿಗೆ ಇನ್ನೊಂದು ವರ್ಷ ಯಾರೂ ಕೊಡುವುದಿಲ್ಲ.

ಸ್ವಲ್ಪ ಬದಲಾವಣೆ ಬರುತ್ತಿದೆ. 2024ರ ಜನವರಿಯಲ್ಲಿ ಸೊಲ್ಲಾಪುರದ ಇಂದಿರಾ ಗಾಂಧಿ ಸ್ಟೇಡಿಯಂ, ನಾವು ಪಾರ್ಕ್ ಮೈದಾನ ಎನ್ನುವ ಜಾಗದಲ್ಲಿ, ಎಷ್ಟೋ ವರ್ಷಗಳ ನಂತರ ರಣಜಿ ಪಂದ್ಯ ನಡೆಯಿತು. ಮಹಾರಾಷ್ಟ್ರ ಮತ್ತು ಮಣಿಪುರ. ಸಿದ್ಧರಾಮೇಶ್ವರನ ಜಾತ್ರೆಯ ತಯಾರಿ ನಡೆದಿರುವ ಹೊತ್ತು ಅದು. ಊರಲ್ಲೇ ಒಳ್ಳೆಯ ಟರ್ಫ್ ಇದ್ದರೆ ಹತ್ತು ವರ್ಷದ ಮಗು ಅದರ ಬೇಲಿಗೆ ಅಂಟಿಕೊಂಡು ಸೀಮ್ ಚೆಂಡು ಹೇಗೆ ಏಳುತ್ತದೆ ಎಂದು ನೋಡುತ್ತದೆ.

ನೀವು ಈಗಲೇ ಮಾಡಬಹುದಾದದ್ದು ಇದೆ. ನಿಮ್ಮ ಓಣಿಯಲ್ಲಿ ಆಡುವ ಚಿಕ್ಕ ಮಕ್ಕಳಿಗೆ, ಹುಡುಗಿಯರನ್ನೂ ಸೇರಿಸಿ, ಎಲ್ಲರೂ ವರ್ಗಣಿ ಹಾಕಿ ಎರಡು ಚರ್ಮದ ಚೆಂಡು, ಒಂದು ಜೊತೆ ಪ್ಯಾಡು, ಒಂದು ಹೆಲ್ಮೆಟ್ ತನ್ನಿ. ಶಾಲೆಯ ಅಂಗಳದಲ್ಲಿ ಒಂದು ಸಿಮೆಂಟಿನ ಪಟ್ಟಿ ಹಾಕಿಸಿ ಮೇಲೆ ನಾರಿನ ಮ್ಯಾಟ್ ಹಾಸಿ. ಉಮ್ರಿಗರ್ ಕಾಲದವರೂ ಅಂಥದ್ದರ ಮೇಲೆಯೇ ಆಡಿದ್ದು. ಹದಿನಾಲ್ಕು ವರ್ಷದೊಳಗಿನವರ ಜಿಲ್ಲಾ ಆಯ್ಕೆ ಯಾವಾಗ ಎಂದು ಸೊಲ್ಲಾಪುರದ ಜಿಲ್ಲಾ ಕ್ರಿಕೆಟ್ ಸಂಸ್ಥೆಯಲ್ಲಿ ಬೇಸಿಗೆ ರಜೆಗೆ ಮೊದಲೇ ವಿಚಾರಿಸಿ, ಮಕ್ಕಳ ಜನ್ಮ ದಾಖಲೆ ಸರಿಪಡಿಸಿ ಇಟ್ಟುಕೊಳ್ಳಿ. ಆಯ್ಕೆಗೆ ಮೊದಲು ಕನಿಷ್ಠ ಆರು ತಿಂಗಳು ಆ ಎರಡು ಚೆಂಡುಗಳಲ್ಲೇ ಆಡಲಿ.